'ವುಮನ್' ಪದದ ಅರ್ಥ ಮತ್ತು ನಿಘಂಟಿನ ಕೈವಾಡ

ನಿಕಾಹ್‌ನ ಸಂದರ್ಭದಲ್ಲಿ ವಧುವಿನ ಹೆಸರಿನ ಜೊತೆ 'ಬಿಂತ್' ಎಂದು ಸೇರಿಸಿ ತಂದೆಯ ಹೆಸರು ಹೇಳುವುದನ್ನು ನಾವು ಕೇಳಿದ್ದೇವೆ. ಅರಬಿ ಭಾಷೆಯಲ್ಲಿ ಬಿಂತ್ ಎಂದರೆ ಮಗಳು, ಹುಡುಗಿ. ಖದೀಜಾ ಬಿಂತ್ ಖುವೈಲಿದ್, ಫಾತಿಮಾ ಬಿಂತ್ ಮುಹಮ್ಮದ್ ಎಂದು ಓದುವಾಗ ಆ ಪದದಲ್ಲಿ ಗೌರವದ ಹೊರತು ಬೇರೇನೂ ನಮಗೆ ಕೇಳಿಸುವುದಿಲ್ಲ. ಗಲ್ಫ್‌ನಲ್ಲಿ ದುಡಿದು ಬಂದವರಿಗಂತೂ ಅದು ದಿನಬಳಕೆಯ ಮಾತು.

ಇದೇ ಪದ ಇಂಗ್ಲಿಷ್ ನಿಘಂಟಿನಲ್ಲೂ ಇದೆ. ಆದರೆ ಅಲ್ಲಿ ಅದು ಹೆಣ್ಣನ್ನು ಹೀಗಳೆಯುವ ಬೀದಿಮಾತು. ಈಜಿಪ್ಟಿನಲ್ಲಿ ಬೀಡುಬಿಟ್ಟಿದ್ದ ಬ್ರಿಟಿಷ್ ಸೈನಿಕರ ಬಾಯಿಗೆ ಬಿದ್ದ ಬಿಂತ್, ಅವರೊಂದಿಗೆ ಹಡಗು ಹತ್ತಿ ಇಂಗ್ಲೆಂಡ್ ಸೇರಿತು. ತಂದೆಯೊಬ್ಬ ಮಗಳನ್ನು ಕರೆಯುವ ಪದವನ್ನು ಸಿಪಾಯಿಯೊಬ್ಬ ದಾರಿಯಲ್ಲಿ ಹೋಗುವ ಹೆಣ್ಣಿನ ಬಗ್ಗೆ ಆಡಿದರೆ ಏನಾಗುತ್ತದೋ ಅದೇ ಆಯಿತು.

2019ರಲ್ಲಿ ಮರಿಯಾ ಬೀಟ್ರಿಸ್ ಜೊವಾನಾರ್ದಿ ಎಂಬ ಮಹಿಳೆ ಬ್ರಿಟನ್ನಿನಲ್ಲಿ ಒಂದು ಸಹಿ ಸಂಗ್ರಹ ಆರಂಭಿಸಿದರು. ಆಕ್ಸ್‌ಫರ್ಡ್ ಪ್ರಕಾಶನದ ಆನ್‌ಲೈನ್ ನಿಘಂಟಿನಲ್ಲಿ 'ವುಮನ್' ಎಂಬ ಸಾಮಾನ್ಯ ಪದಕ್ಕೆ ಕೊಟ್ಟ ಸಮಾನಾರ್ಥಕಗಳ ಪಟ್ಟಿ ಅವರನ್ನು ಕೆರಳಿಸಿತ್ತು. ಬಿಚ್, ವೆಂಚ್, ಬರ್ಡ್, ಫಿಲ್ಲಿ, ಅವುಗಳ ನಡುವೆ ನಮ್ಮ ಬಿಂತ್. ಅಂದರೆ ಹೆಣ್ಣುನಾಯಿ, ಹಕ್ಕಿ, ಹೆಣ್ಣುಕುದುರೆಮರಿ! ಬಳಕೆಗೆ ಕೊಟ್ಟ ಉದಾಹರಣೆ ವಾಕ್ಯಗಳಲ್ಲೂ ಹೆಣ್ಣು ಒಂದೋ ಗಂಡನಿಂದ ಗದರಿಸಿಕೊಳ್ಳುತ್ತಿದ್ದಳು, ಇಲ್ಲವೇ ಚೆಲುವಿನ ಲೆಕ್ಕದಲ್ಲಿ ಅಳೆಯಲ್ಪಡುತ್ತಿದ್ದಳು. ಮೂವತ್ತು ಸಾವಿರಕ್ಕೂ ಹೆಚ್ಚು ಮಂದಿ ಮನವಿಗೆ ಸಹಿ ಹಾಕಿದರು.

ಪ್ರಕಾಶಕರ ಉತ್ತರ ಹೊಸದೇನಲ್ಲ. ಜನರು ಭಾಷೆಯನ್ನು ಹೇಗೆ ಬಳಸುತ್ತಾರೋ ಹಾಗೆ ದಾಖಲಿಸುವುದಷ್ಟೇ ನಿಘಂಟಿನ ಕೆಲಸ, ಹೇಗೆ ಬಳಸಬೇಕೆಂದು ಆಜ್ಞೆ ಮಾಡುವುದಲ್ಲ ಎಂದರು. ಈ ಮಾತಿನಲ್ಲಿ ಸತ್ಯವಿದೆ ಎಂಬುದನ್ನು ನಾವು ಒಪ್ಪಲೇಬೇಕು. ಬೈಗುಳಗಳನ್ನು ಕಿತ್ತೆಸೆದ ನಿಘಂಟು ಸುಳ್ಳು ಹೇಳುವ ನಿಘಂಟು. ಹಳೆಯ ಕಾದಂಬರಿಯೊಂದನ್ನು ಓದುತ್ತಾ ಆ ಪದಕ್ಕೆ ಎಡವಿದ ವಿದ್ಯಾರ್ಥಿ ಅರ್ಥಕ್ಕಾಗಿ ಎಲ್ಲಿಗೆ ಹೋಗಬೇಕು? 'ಬಿಂತ್' ಎಂದು ಹುಡುಕಿದವನಿಗೆ ಬಿಂತ್ ಸಿಗಲೇಬೇಕು.

ಆದರೆ 'ವುಮನ್' ಎಂದು ಹುಡುಕಿದವಳಿಗೆ ಬಿಂತ್ ಏಕೆ ಎದುರಾಗಬೇಕು? ನಮ್ಮ ತಕರಾರು ಇಲ್ಲಿದೆ. ಯಾವ ಅರ್ಥ ಮೊದಲು ಬರಬೇಕು, ಯಾವ ಪದದ ಮುಂದೆ 'ಅವಹೇಳನಕಾರಿ' ಎಂದು ಗುರುತು ಹಾಕಬೇಕು, ನೂರಾರು ವಾಕ್ಯಗಳಲ್ಲಿ ಯಾವುದನ್ನು ಉದಾಹರಣೆಗೆ ಆರಿಸಬೇಕು ಎಂಬುದನ್ನೆಲ್ಲ ಬೀದಿಯ ಜನ ತೀರ್ಮಾನಿಸುವುದಿಲ್ಲ. ಮೇಜಿನ ಮುಂದೆ ಕುಳಿತ ಸಂಪಾದಕರು ತೀರ್ಮಾನಿಸುತ್ತಾರೆ. ಕನ್ನಡಿ ತಾನು ಕಂಡದ್ದನ್ನೇ ತೋರಿಸುತ್ತದೆ, ನಿಜ. ಆದರೆ ಅದನ್ನು ಯಾವ ಗೋಡೆಗೆ, ಯಾರ ಮುಖಕ್ಕೆ ಎದುರಾಗಿ ತೂಗುಹಾಕಬೇಕೆಂದು ಕನ್ನಡಿ ನಿರ್ಧರಿಸುತ್ತದೆಯೇ?

ಇದಕ್ಕೆ ಮೂರು ವರ್ಷ ಮೊದಲೇ, 2016ರಲ್ಲಿ, ಇದೇ ಪ್ರಕಾಶನ ಇಂಥದೇ ಇನ್ನೊಂದು ಮುಜುಗರಕ್ಕೆ ಸಿಲುಕಿತ್ತು. 'ರ‍್ಯಾಬಿಡ್' ಎಂದರೆ ಹುಚ್ಚುನಾಯಿಯ ರೋಗ ತಗುಲಿದ, ಇನ್ನೊಂದು ಅರ್ಥದಲ್ಲಿ ಮತಿಗೆಟ್ಟ ಹಟದ. ಈ ಎರಡನೆಯ ಅರ್ಥಕ್ಕೆ ಕೊಟ್ಟ ಉದಾಹರಣೆ 'ಸ್ತ್ರೀವಾದಿ'. ಮೈಕೆಲ್ ಓಮನ್-ರೀಗನ್ ಎಂಬ ಮಾನವಶಾಸ್ತ್ರಜ್ಞ ಇದನ್ನು ಎತ್ತಿ ತೋರಿಸಿದಾಗ ಪ್ರಕಾಶನದವರು ಮೊದಲು ಲಘುವಾಗಿ ಮಾತಾಡಿದರು, ಆಮೇಲೆ ಹಾಗೆ ಮಾತಾಡಿದ್ದಕ್ಕೆ ಕ್ಷಮೆ ಕೇಳಿದರು. ಆ ವಿಶೇಷಣಕ್ಕೆ ಬೇರೆ ಯಾವ ನಾಮಪದವೂ ಸಿಗಲಿಲ್ಲವೇ?

ಇಂಗ್ಲಿಷಿನಲ್ಲಿ ಹೆಣ್ಣಿಗೆ ಸಂಬಂಧಿಸಿದ ಪದಗಳು ಜಾರುವುದು ಹಳೆಯ ಚಾಳಿ. 1975ರಷ್ಟು ಹಿಂದೆಯೇ ಮ್ಯುರಿಯಲ್ ಶುಲ್ಜ್ ಎಂಬ ವಿದ್ವಾಂಸೆ ಇದರ ಬಗ್ಗೆ ಪ್ರಬಂಧ ಬರೆದಿದ್ದಾರೆ. ಗೃಹಿಣಿ ಎಂಬ ಪದವೇ ಸವೆದು 'ಹಸ್ಸಿ' ಎಂದಾಗಿ ಲಜ್ಜೆಗೆಟ್ಟವಳು ಎಂಬ ಅರ್ಥ ಪಡೆಯಿತು. 'ಮಾಸ್ಟರ್' ಯಜಮಾನನಾಗಿಯೇ ಉಳಿದ, 'ಮಿಸ್ಟ್ರೆಸ್' ಇಟ್ಟುಕೊಂಡವಳಾದಳು. 'ವೆಂಚ್' ಒಂದು ಕಾಲಕ್ಕೆ ಬರೀ ಮಗು.

ಇಂಗ್ಲಿಷರನ್ನು ಬೈದು ಸುಮ್ಮನಾಗುವ ಹಾಗೂ ಇಲ್ಲ. ಗಂಡನನ್ನು ಕಳೆದುಕೊಂಡು ತಲೆ ಬೋಳಿಸಿಕೊಳ್ಳಬೇಕಾಗಿ ಬಂದ ಹೆಣ್ಣಿನ ಸಂಕಟದ ಹೆಸರು ನಮ್ಮಲ್ಲಿ 'ಮುಂಡೆ' ಎಂಬ ಬೈಗುಳವಾಗಿದೆ. ಕರಾವಳಿಯಲ್ಲಿ ಸಿಟ್ಟು ಬಂದವರ ನಾಲಗೆಯ ತುದಿಯಲ್ಲಿರುವ 'ಬೇವರ್ಸಿ'ಯ ಹಿಂದಿರುವುದು ಪಾರ್ಸಿಯ 'ಬೇ' ಮತ್ತು ಅರಬಿಯ 'ವಾರಿಸ್'. ವಾರಸುದಾರರಿಲ್ಲದ್ದು ಎಂಬುದು ಅದರ ಕಾನೂನಿನ ಅರ್ಥ. ಅನಾಥರ ಬಗ್ಗೆ ಮರುಗುವ ನಾವೇ ಅನಾಥತನವನ್ನು ಬೈಗುಳ ಮಾಡಿಕೊಂಡಿದ್ದೇವೆ.

2020ರ ನವೆಂಬರ್‌ನಲ್ಲಿ ಆಕ್ಸ್‌ಫರ್ಡ್ ತನ್ನ ನಮೂದನ್ನು ತಿದ್ದಿತು. ಪುರುಷನ ಪತ್ನಿ ಅಥವಾ ಪ್ರೇಯಸಿ ಎಂದಿದ್ದ ಕಡೆ ವ್ಯಕ್ತಿಯ ಪತ್ನಿ ಅಥವಾ ಪ್ರೇಯಸಿ ಎಂದಾಯಿತು. ಬೈಗುಳಗಳಿಗೆ ಅವು ನಿಂದನೆಯ ಮಾತುಗಳು ಎಂಬ ಗುರುತು ಬಿತ್ತು. ಆದರೆ ಪದಗಳು ಹೋಗಲಿಲ್ಲ. ಮನವಿ ಸಲ್ಲಿಸಿದವರಿಗೆ ಇದರಿಂದ ಪೂರ್ಣ ಸಮಾಧಾನವಾಗಲಿಲ್ಲ. ಗುರುತು ಹಾಕಿದ್ದನ್ನು ನಾವು ಮೆಚ್ಚುತ್ತೇವೆ. ಆದರೆ ಗೂಗಲ್ ತೋರಿಸುವ ಇಂಗ್ಲಿಷ್ ಅರ್ಥಗಳು ಬರುವುದು ಇದೇ ಆಕ್ಸ್‌ಫರ್ಡ್‌ನಿಂದ. ಹೋಂವರ್ಕಿಗೆ ಪದ ಹುಡುಕುವ ಹತ್ತು ವರ್ಷದ ಹುಡುಗಿ ಸಣ್ಣ ಅಕ್ಷರದ ಗುರುತನ್ನು ಓದುತ್ತಾಳೆಯೇ ಎಂಬ ಶಂಕೆ ನಮಗಿದೆ.

ಬಿಂತ್ ಎಂಬ ನಮೂದನ್ನೇ ತೆರೆದು ನೋಡಿದರೆ, ಈ ಪದ ಅರಬಿಯಲ್ಲಿ ಮಗಳು ಅಥವಾ ಹುಡುಗಿ ಎಂಬ ಅರ್ಥದ್ದು ಎಂದು ಕೊನೆಯಲ್ಲಿ ಬರೆದಿದೆ. ಸಮಾನಾರ್ಥಕಗಳ ಪಟ್ಟಿಯಲ್ಲಿ ಅಷ್ಟಕ್ಕೆ ಜಾಗವಿಲ್ಲ. ಅಲ್ಲಿ ಅವಳು ಯಾರ ಮಗಳೂ ಅಲ್ಲ.