ಅಚ್ಚುಕೂಟದಿಂದ ಬಂದ ಅರ್ಥಶಾಸ್ತ್ರಜ್ಞ

ಅರ್ಥಶಾಸ್ತ್ರಜ್ಞನೊಬ್ಬನ ಆತ್ಮಕಥೆಗೆ ಸಾಹಿತ್ಯದ ಪುಟದಲ್ಲೇನು ಕೆಲಸ ಎಂದು ಯಾರಾದರೂ ಕೇಳಿದರೆ, ಜಾನ್ ಆರ್. ಕಾಮನ್ಸ್‌ನ ‘ಮೈಸೆಲ್ಫ್’ ಪುಸ್ತಕವನ್ನು ಅವರ ಕೈಗಿತ್ತು ಸುಮ್ಮನಾಗಬೇಕೆನಿಸುತ್ತದೆ. ಎಪ್ಪತ್ತು ದಾಟಿದ ಮೇಲೆ, 1934ರಲ್ಲಿ ಪ್ರಕಟಿಸಿದ ಈ ಪುಸ್ತಕದಲ್ಲಿ ಆತ್ಮಸ್ತುತಿ ಬಹಳ ಕಡಿಮೆ. ಸೋಲಿನ ಲೆಕ್ಕವೇ ಉದ್ದವಾದದ್ದು. ಅಮೆರಿಕದ ಕಾರ್ಮಿಕ ಅರ್ಥಶಾಸ್ತ್ರಕ್ಕೆ ತಳಹದಿ ಹಾಕಿದನೆಂದು ಹೆಸರಾದ ಈತ ಜಾನ್ಸ್ ಹಾಪ್ಕಿನ್ಸ್ ವಿಶ್ವವಿದ್ಯಾಲಯದಿಂದ ಡಾಕ್ಟರೇಟ್ ಪಡೆಯದೆಯೇ ಹೊರಬಿದ್ದವನು. ಮೊದಲು ಸೇರಿದ ವೆಸ್ಲಿಯನ್‌ನಲ್ಲಿ ಪಾಠ ಹೇಳಲು ಬರುವುದಿಲ್ಲವೆಂಬ ಕಾರಣಕ್ಕೆ ಕೆಲಸ ಕಳೆದುಕೊಂಡವನು. ಸಿರಾಕ್ಯೂಸ್ ವಿಶ್ವವಿದ್ಯಾಲಯವು 1899ರಲ್ಲಿ ಇವನನ್ನು ಕಳಿಸಲು ಇನ್ನೊಂದು ಉಪಾಯ ಹೂಡಿತು: ಅಧ್ಯಾಪಕನನ್ನು ತೆಗೆಯಲಿಲ್ಲ, ಅವನ ಪೀಠವನ್ನೇ ತೆಗೆದುಹಾಕಿತು. ವಾರವೆಲ್ಲ ದುಡಿದವರು ಭಾನುವಾರ ಚೆಂಡಾಟ ಆಡಿದರೆ ತಪ್ಪೇನೆಂದು ಆಡಿದ ಮಾತು ಧರ್ಮಭೀರುಗಳನ್ನು ಕೆರಳಿಸಿತ್ತು; ಇಂಥವನು ಇರುವ ತನಕ ದುಡ್ಡು ಬಿಚ್ಚುವುದಿಲ್ಲವೆಂದು ದಾನಿಗಳು ಹಟ ಹಿಡಿದಿದ್ದರು. ಕಾಲೇಜುಗಳಲ್ಲಿ ಪಾಠ ಹೇಳಿ ಬದುಕುವ ನನ್ನಂಥವರು ಈ ಪುಟಗಳನ್ನು ನಗುತ್ತ ಓದಲಾರರು.

ಕಾಮನ್ಸ್ ಹುಟ್ಟಿದ್ದು 1862ರಲ್ಲಿ, ಓಹಿಯೊ ಸಂಸ್ಥಾನದಲ್ಲಿ; ಬೆಳೆದದ್ದು ಇಂಡಿಯಾನಾದಲ್ಲಿ. ಗುಲಾಮಗಿರಿಯನ್ನು ವಿರೋಧಿಸಿದ ಮನೆ. ತಂದೆ ಸಣ್ಣ ಪತ್ರಿಕೆಗಳನ್ನು ನಡೆಸುತ್ತಿದ್ದ. ವ್ಯವಹಾರಜ್ಞಾನ ಅವನಿಗೆ ಒಲಿಯಲಿಲ್ಲ. ತಾಯಿ ಗಟ್ಟಿಗಿತ್ತಿ. ಮಕ್ಕಳ ಓದಿಗಾಗಿ ಓಬರ್ಲಿನ್‌ಗೆ ಬಂದು ಊಟ-ವಸತಿಯ ಮನೆ ನಡೆಸಿದಳು. ಮಗ ಪಾದ್ರಿಯಾಗಲೆಂಬುದು ಅವಳ ಆಸೆ. ಮಗ ಕಲಿತದ್ದು ಅಚ್ಚಿನ ಮೊಳೆ ಜೋಡಿಸುವ ಕೆಲಸ. ಕ್ಲೀವ್‌ಲೆಂಡಿನಲ್ಲಿ ಆ ಕಸುಬಿನವರ ಸಂಘಕ್ಕೆ ಸೇರಿದ. ದಣಿಗಳ ಜೊತೆಯಲ್ಲಿ ಕೂಲಿಗಾಗಿ ಚೌಕಾಸಿ ನಡೆಸುವುದನ್ನು ಅವನು ಗ್ರಂಥಗಳಲ್ಲಿ ಓದುವ ಮೊದಲೇ ಮೊಳೆಪೆಟ್ಟಿಗೆಯ ಮುಂದೆ ನಿಂತು ಕಂಡಿದ್ದ. ಅವನ ಬರವಣಿಗೆಯ ಒಳ್ಳೆಯ ಭಾಗಕ್ಕೆಲ್ಲ ಮೂಲ ಇಲ್ಲಿದೆಯೆಂದು ನನ್ನ ನಂಬಿಕೆ.

ಆ ಒಳ್ಳೆಯ ಭಾಗದಲ್ಲಿ ನಾನು ಎಲ್ಲಕ್ಕಿಂತ ಮೇಲಿಡುವುದು ದಪ್ಪ ಗ್ರಂಥಗಳನ್ನಲ್ಲ. 1909ರಲ್ಲಿ ಬರೆದ, 1648ರಿಂದ 1895ರವರೆಗಿನ ಅಮೆರಿಕದ ಬೂಟು ಹೊಲಿಯುವವರನ್ನು ಕುರಿತ ಒಂದು ಪ್ರಬಂಧವನ್ನು. ಮೊದಲು ಕಸುಬುಗಾರ ಹತಾರಗಳನ್ನು ಹೊತ್ತು ಗಿರಾಕಿಯ ಮನೆಗೇ ಹೋಗುತ್ತಾನೆ, ತೊಗಲು ಗಿರಾಕಿಯದು. ಆಮೇಲೆ ತನ್ನದೇ ಅಂಗಡಿ ಹಾಕಿ, ಬಂದವರ ಕಾಲಿನ ಅಳತೆ ತೆಗೆದುಕೊಳ್ಳುತ್ತಾನೆ. ಕೆಲಸವಿಲ್ಲದ ದಿನಗಳಲ್ಲಿ ಯಾರ ಕಾಲಿಗೆಂದು ತಿಳಿಯದೆ ಜೋಡುಗಳನ್ನು ಹೊಲಿದಿಡುತ್ತಾನೆ. ಮುಂದೆ ಯಜಮಾನ ದೂರದ ಪಟ್ಟಣಗಳಿಂದ ಸಗಟು ಬೇಡಿಕೆ ತರುತ್ತಾನೆ. ಅಲ್ಲಿಯ ಬೆಲೆಗೆ ಇಲ್ಲಿಯ ಕೂಲಿಯನ್ನು ಕುಗ್ಗಿಸಬೇಕಾಗುತ್ತದೆ. ನಿನ್ನೆ ಒಂದೇ ಬೆಂಚಿನಲ್ಲಿ ಕೂತವರು ಇಂದು ನ್ಯಾಯಾಲಯದಲ್ಲಿ ಎದುರಾಳಿಗಳು. ಫಿಲಡೆಲ್ಫಿಯಾದಲ್ಲಿ 1806ರಲ್ಲಿ ಕೂಲಿ ಹೆಚ್ಚಿಸಿಕೊಳ್ಳಲು ಒಟ್ಟಾದದ್ದೇ ಒಳಸಂಚೆಂದು ತೀರ್ಮಾನವಾಗಿ, ಕಸುಬುಗಾರರಿಗೆ ತಲೆಗೆ 8 ಡಾಲರ್ ದಂಡ ಬಿತ್ತು.

ಇಷ್ಟೆಲ್ಲ ಆಗುವಾಗ ಹತಾರಗಳು ಬದಲಾಗಿರಲಿಲ್ಲ ಎಂಬುದನ್ನು ಕಾಮನ್ಸ್ ಎತ್ತಿ ತೋರಿಸುತ್ತಾನೆ. ಯಂತ್ರ ಬರುವ ಬಹಳ ಮೊದಲೇ ದಣಿಯನ್ನೂ ದುಡಿಯುವವನನ್ನೂ ಬೇರೆ ಮಾಡಿದ್ದು ಹಿಗ್ಗುತ್ತ ಹೋದ ಮಾರುಕಟ್ಟೆ. ಮಾರ್ಕ್ಸ್‌ಗೆ ಕೊಟ್ಟ ಉತ್ತರವಿದು. ಕೂಗಾಟವಿಲ್ಲ, ಹಳೆಯ ಕಾಗದಪತ್ರಗಳನ್ನು ಹರಡಿ ತೋರಿಸಿದ್ದಾನೆ, ಅಷ್ಟೆ. ಆ ಕಾಗದಪತ್ರಗಳನ್ನು ಅವನೂ ಜೊತೆಗಾರರೂ ಊರೂರು ಅಲೆದು ಕೂಡಿಸಿ 1910-11ರಲ್ಲಿ ಹತ್ತು ಸಂಪುಟಗಳಾಗಿ ಅಚ್ಚು ಮಾಡಿಸಿದರು. ಇತಿಹಾಸದಲ್ಲಿ ಕೂಲಿಕಾರನಿಗೆ ಅವನದೇ ಮಾತನ್ನು ಉಳಿಸಿಕೊಟ್ಟ ಕೆಲಸ ಅದು.

1904ರಲ್ಲಿ ಕಾಮನ್ಸ್ ವಿಸ್ಕಾನ್ಸಿನ್‌ಗೆ ಬಂದ. ಅಲ್ಲಿಂದ ಮುಂದಿನ ಕಥೆ ಕಾಯಿದೆಗಳ ಕಥೆ. ಅವುಗಳಲ್ಲಿ ಒಂದರ ತಿರುಳನ್ನು ಮಾತ್ರ ಹೇಳಿದರೆ ಸಾಕು. ಅಪಘಾತದಲ್ಲಿ ಕೈ ಕಳೆದುಕೊಂಡವನಿಗೆ ಪರಿಹಾರ ಕೊಡಿಸುವ 1911ರ ಕಾಯಿದೆಯನ್ನು ಅವನು ದಯೆಯ ಮಾತೆಂದು ತಿಳಿಯಲಿಲ್ಲ. ತಪ್ಪು ಯಾರದೆಂಬ ಜಗಳ ಬಿಟ್ಟು ಖರ್ಚನ್ನು ದಣಿಯ ಲೆಕ್ಕಕ್ಕೆ ಬರೆದರೆ, ಯಂತ್ರದ ಚಕ್ರಕ್ಕೆ ಕಾಪು ಹಾಕಿಸುವುದೇ ಅಗ್ಗವೆಂದು ದಣಿಗೆ ತಾನಾಗಿ ತಿಳಿಯುತ್ತದೆ. ಕಾಪು ಹೇಗಿರಬೇಕೆಂಬುದನ್ನು ದಣಿಗಳೂ ಕೆಲಸಗಾರರೂ ಒಂದೇ ಮೇಜಿನ ಸುತ್ತ ಕೂತು ತೀರ್ಮಾನಿಸಲಿ ಎಂದ. ಲೋಭವನ್ನು ಬಯ್ಯುತ್ತ ಕೂರದೆ ಅದಕ್ಕೆ ಮೂಗುದಾರ ಹಾಕುವ ಈ ಬುದ್ಧಿ ನನಗೆ ಬಹಳ ಹಿಡಿಸುತ್ತದೆ.

ಇನ್ನು ಅವನ ತತ್ತ್ವಗ್ರಂಥಗಳು. ಸತ್ಯ ಹೇಳಬೇಕೆಂದರೆ ಅವುಗಳ ಗದ್ಯ ಕಬ್ಬಿಣದ ಕಡಲೆ. ಆದರೆ 1924ರ ‘ಲೀಗಲ್ ಫೌಂಡೇಶನ್ಸ್ ಆಫ್ ಕ್ಯಾಪಿಟಲಿಸಂ’ ಗ್ರಂಥದ ಕೇಂದ್ರದಲ್ಲಿರುವ ಮಾತು ಕನ್ನಡದವನಿಗೆ ಬೇಗ ತಿಳಿಯಬೇಕಾದದ್ದು. ಅರ್ಥಶಾಸ್ತ್ರದ ಮೂಲಘಟಕ ಸರಕಲ್ಲ, ಸರಕು ಬಯಸುವ ಮನುಷ್ಯನೂ ಅಲ್ಲ. ಮನುಷ್ಯ ಮನುಷ್ಯರ ನಡುವಿನ ಕೊಡುಕೊಳೆ ಎನ್ನುತ್ತಾನೆ. ಪ್ರತಿ ಕೊಡುಕೊಳೆಯಲ್ಲೂ ಐದು ಜನ: ಕೊಳ್ಳುವವರಿಬ್ಬರು, ಮಾರುವವರಿಬ್ಬರು, ಐದನೆಯವನು ನ್ಯಾಯಾಧೀಶ. ಅವನು ಎದುರಿಗಿಲ್ಲದಿದ್ದರೂ ಬೆಲೆ ಕುದುರುವುದು ಅವನ ನೆರಳಿನಲ್ಲೇ. ನಮ್ಮ ‘ವ್ಯವಹಾರ’ ಎಂಬ ಶಬ್ದದಲ್ಲಿ ಇದೆಲ್ಲ ಮೊದಲೇ ಅಡಗಿಲ್ಲವೆ? ವ್ಯಾಪಾರವೂ ವ್ಯವಹಾರವೇ, ನ್ಯಾಯಸ್ಥಾನದ ವಾದವೂ ವ್ಯವಹಾರವೇ. ಚಾಲುಕ್ಯ ವಿಕ್ರಮಾದಿತ್ಯನ ಕಾಲದಲ್ಲಿ ಕಲ್ಯಾಣದ ವಿಜ್ಞಾನೇಶ್ವರನು ಮಿತಾಕ್ಷರೆಯಲ್ಲಿ ವ್ಯಾಖ್ಯಾನಿಸಿದ ವ್ಯವಹಾರಾಧ್ಯಾಯದಲ್ಲಿ, ಕೂಲಿ ಕೊಡದಿರುವುದೂ ಒಂದು ವಿವಾದಪದವಾಗಿ ಬರುತ್ತದೆ. ಇದರಿಂದ ನಾವು ಅವನಿಗಿಂತ ಮುಂದಿದ್ದೆವೆಂದು ಎದೆ ತಟ್ಟಿಕೊಳ್ಳಬೇಕಾಗಿಲ್ಲ; ಅವನು ಪ್ರಯಾಸಪಟ್ಟು ಕೂಡಿಸಿದ ಎರಡು ಅರ್ಥಗಳು ನಮ್ಮ ನುಡಿಯಲ್ಲಿ ಒಟ್ಟಿಗೇ ಉಳಿದಿವೆ, ಅಷ್ಟೆ.

ಇಲ್ಲಿಗೆ ನಿಲ್ಲಿಸಿದ್ದರೆ ಸೊಗಸಾದ ವ್ಯಕ್ತಿಚಿತ್ರವಾಗುತ್ತಿತ್ತು. ಆದರೆ ಇದೇ ಲೇಖಣಿಯಿಂದ 1907ರಲ್ಲಿ ‘ರೇಸಸ್ ಅಂಡ್ ಇಮಿಗ್ರಂಟ್ಸ್ ಇನ್ ಅಮೆರಿಕ’ ಎಂಬ ಪುಸ್ತಕ ಬಂದಿದೆ. ಕಪ್ಪು ಜನ ಹುಟ್ಟಿನಿಂದಲೇ ಕೀಳೆಂಬಂತೆ, ದಕ್ಷಿಣ ಮತ್ತು ಪೂರ್ವ ಯೂರೋಪಿನಿಂದ ಬಂದವರಿಂದ ಅಮೆರಿಕದ ಬಾಳೇ ಕೆಡುವುದೆಂಬಂತೆ ಬರೆದಿದ್ದಾನೆ. ಗುಲಾಮಗಿರಿಯ ವಿರೋಧಿಗಳ ಮಗ, 1835ರಲ್ಲೇ ಕಪ್ಪು ವಿದ್ಯಾರ್ಥಿಗಳಿಗೆ ಬಾಗಿಲು ತೆರೆದ ಓಬರ್ಲಿನ್‌ನ ಪದವೀಧರ ಇದನ್ನು ಬರೆದ. ಆ ಕಾಲದ ದೋಷವೆಂದು ಇದನ್ನು ಮನ್ನಿಸುವುದುಂಟು. ನಾನು ಒಪ್ಪಲಾರೆ. ಕಾಲದ ದೋಷವಾಗಿದ್ದರೆ ಹೊಲಿಗೆಯ ಕಾರ್ಖಾನೆಗಳಲ್ಲಿ ವಲಸೆಗಾರರ ಸ್ಥಿತಿಗತಿಯನ್ನು ವಿಚಾರಿಸಿ ವರದಿ ಬರೆದಿದ್ದವನನ್ನು ಅದು ಅಷ್ಟು ಸುಲಭವಾಗಿ ಹಿಡಿಯಬಾರದಿತ್ತು.

ದೋಷ ಇನ್ನೂ ಒಳಗಿನದು. ಬೂಟಿನವರ ಪ್ರಬಂಧವನ್ನು ಮತ್ತೆ ತೆರೆಯಿರಿ. ಮಾರುಕಟ್ಟೆ ಹಿಗ್ಗಿದ ಪ್ರತಿ ಹಂತದಲ್ಲೂ ಕಸುಬುಗಾರನನ್ನು ಬೆದರಿಸುವ ಅಗ್ಗದ ಪೈಪೋಟಿ ಯಾವುದೆಂದು ಅದು ಹುಡುಕುತ್ತದೆ. ಮೊದಲು ಕಳಪೆ ಜೋಡು. ಕೊನೆಗೆ ಕಡಿಮೆ ಕೂಲಿಗೆ ಒಪ್ಪುವ ಜನ. ಅಲ್ಲಿ ಅದು ತಕ್ಕಡಿಯ ಲೆಕ್ಕ. 1907ರ ಪುಸ್ತಕದಲ್ಲಿ ಆ ತಕ್ಕಡಿಗೆ ಮೈಬಣ್ಣ, ರಕ್ತ, ಹುಟ್ಟೂರು ಅಂಟಿಕೊಂಡಿವೆ. ಸಂಘದೊಳಗಿದ್ದವನ ಮಾತನ್ನು ಅಷ್ಟು ಚೆನ್ನಾಗಿ ಕೇಳಿದ ಕಿವಿ, ಹೊರಗೆ ನಿಂತವನ ಮಾತಿಗೆ ಬಂದಾಗ ಒಳಗಿನವರ ಭಯವನ್ನೇ ಕೇಳಿಸಿಕೊಂಡಿತು. ಒಂದೇ ವಿಚಾರ ಅವನಿಂದ ಅತ್ಯುತ್ತಮವನ್ನೂ ಅತಿ ಕೆಟ್ಟದ್ದನ್ನೂ ಬರೆಸಿದೆ. ಆದ್ದರಿಂದ ಎರಡನ್ನೂ ಬೇರೆಬೇರೆ ಕಪಾಟಿನಲ್ಲಿಡುವ ಅವನ ಅಭಿಮಾನಿಗಳ ಕ್ರಮ ನನಗೆ ಸರಿದೋರುವುದಿಲ್ಲ.

ಕಾಮನ್ಸ್‌ನ ಶಿಷ್ಯರು ದೊಡ್ಡ ಕೆಲಸ ಮಾಡಿದರು. ನಿರುದ್ಯೋಗಿಗಳಿಗೆ ಪರಿಹಾರ ಕೊಡುವ ಕಾಯಿದೆಯನ್ನು ಅಮೆರಿಕದಲ್ಲಿ ಮೊದಲು ತಂದದ್ದು 1932ರಲ್ಲಿ ವಿಸ್ಕಾನ್ಸಿನ್. ಎಡ್ವಿನ್ ವಿಟ್ಟೆ, ಆರ್ಥರ್ ಆಲ್ಟ್‌ಮೇಯರ್ ಇಬ್ಬರೂ 1935ರ ಸಾಮಾಜಿಕ ಭದ್ರತೆಯ ಕಾಯಿದೆಯನ್ನು ರೂಪಿಸುವುದರಲ್ಲಿ ಮುಂದಾಳುಗಳು. ಆ ಕಾಯಿದೆಯ ವೃದ್ಧಾಪ್ಯ ವಿಮೆಯಿಂದ ಹೊಲಗೆಲಸದವರನ್ನೂ ಮನೆಗೆಲಸದವರನ್ನೂ ಹೊರಗಿಟ್ಟರು. ದುಡಿಯುವ ಕಪ್ಪು ಜನರಲ್ಲಿ ಬಹುಪಾಲು ಇದ್ದದ್ದು ಆ ಎರಡು ಕೆಲಸಗಳಲ್ಲೇ. ದಕ್ಷಿಣದ ರಾಜಕಾರಣಿಗಳ ಒತ್ತಡವೇ ಕಾರಣವೆನ್ನುವವರಿದ್ದಾರೆ, ಅಂಥವರಿಂದ ವಂತಿಗೆ ವಸೂಲು ಮಾಡುವ ತೊಡಕು ಕಾರಣವೆನ್ನುವವರೂ ಇದ್ದಾರೆ. ವಿದ್ವಾಂಸರ ಈ ವಾದ ಇನ್ನೂ ಮುಗಿದಿಲ್ಲ. ಹೊರಗುಳಿದವರಲ್ಲಿ ಹೆಚ್ಚಿನವರು ಒಳಗೆ ಬಂದದ್ದು 1950 ಮತ್ತು 1954ರ ತಿದ್ದುಪಡಿಗಳಿಂದ. ಕಾಮನ್ಸ್ 1945ರಲ್ಲೇ ತೀರಿಕೊಂಡಿದ್ದ.