ಎಂಜಲಿನ ತಕರಾರು

ಇಂಡೋನೇಷ್ಯಾದ ದಂಗ್‌ದುತ್ ಸಂಗೀತವೆಂದರೆ ನಮ್ಮ ಹಿಂದಿ ಸಿನಿಮಾ ಹಾಡುಗಳ ಎಂಜಲು. ಅದರ ಮೇಲೊಂದಿಷ್ಟು ಸೊಂಟದ ಕುಣಿತ. ಈಗ ಯೂಟ್ಯೂಬಿನ ದಯೆಯಿಂದ ಊರೆಲ್ಲ ಹರಿದಾಡುವ ಗಲೀಜು. ಈ ತೀರ್ಪನ್ನು ಮೊನ್ನೆ ಮುಂಬಯಿಯ ಚೆಂಬೂರಿನಲ್ಲೇ, ಬಲ್ಲವರೆನಿಸಿಕೊಂಡವರ ಬಾಯಲ್ಲಿ ಮತ್ತೊಮ್ಮೆ ಕೇಳಿದೆ. ಬೇರೆ ಊರಿನಲ್ಲಾಗಿದ್ದರೆ ಸುಮ್ಮನಿರುತ್ತಿದ್ದೆನೇನೋ. ಚೆಂಬೂರಿನಲ್ಲಿ ಕೂತು ಹೀಗೆ ಮಾತಾಡಲು ಬಲವಾದ ಮರೆವೇ ಬೇಕು.

ರಾಜ್ ಕಪೂರ್ 1948ರಲ್ಲಿ ಆರ್.ಕೆ. ಸ್ಟುಡಿಯೋ ಕಟ್ಟಿದ್ದು ಇದೇ ಚೆಂಬೂರಿನಲ್ಲಿ. 2017ರಲ್ಲಿ ಅದಕ್ಕೆ ಬೆಂಕಿ ಬಿತ್ತು, 2019ರಲ್ಲಿ ಜಾಗ ಬಿಲ್ಡರರ ಪಾಲಾಯಿತು. ‘ಆವಾರಾ’ದ ಆ ಪ್ರಸಿದ್ಧ ಕನಸಿನ ದೃಶ್ಯ ಚಿತ್ರೀಕರಣವಾದದ್ದು ಅಲ್ಲೇ. ಆ ಕನಸಿನೊಳಗೆ ಲತಾ ಹಾಡುವ ಹಾಡಿನ ಧಾಟಿಯಾದರೋ ಕೈರೋದ್ದು. ಅಲ್ಲಿನ ಗಾಯಕಿ ಉಮ್ ಕುಲ್ಸುಮ್ ಅದನ್ನು ಮೂವತ್ತರ ದಶಕದಲ್ಲೇ ಹಾಡಿದ್ದರು. ಶಂಕರ್–ಜೈಕಿಶನ್ ಈಜಿಪ್ಟಿನಿಂದ ತಂದರೆ ಪ್ರತಿಭೆ, ಜಕಾರ್ತದವರು ಚೆಂಬೂರಿನಿಂದ ಒಯ್ದರೆ ಎಂಜಲು. ಇದು ಯಾವ ನ್ಯಾಯ? ಹೊನ್ನಾವರದ ಬಳಿಯ ಕರ್ಕಿಯ ಯಕ್ಷಗಾನ ಮೇಳದವರ ಆಟ ನೋಡಿದ ಮೇಲೆಯೇ ವಿಷ್ಣುದಾಸ ಭಾವೆ 1843ರಲ್ಲಿ ಸಾಂಗಲಿಯಲ್ಲಿ ‘ಸೀತಾ ಸ್ವಯಂವರ’ ಆಡಿಸಿದ್ದು, ಮರಾಠಿ ರಂಗಭೂಮಿ ಶುರುವಾದದ್ದು. ಅದನ್ನು ಕನ್ನಡದ ಎಂಜಲು ಎಂದು ದಾದರಿನ ನಾಟಕಗೃಹದ ಮುಂದೆ ನಿಂತು ಹೇಳುವ ಧೈರ್ಯ ನಮ್ಮಲ್ಲಿ ಎಷ್ಟು ಜನಕ್ಕಿದೆ? ಸಾಲ ಕೊಟ್ಟವನ ಜಂಬ ಪಡೆದವನು ಬಡವನಾದಾಗ ಮಾತ್ರ ಹೊರಬೀಳುತ್ತದೆ.

ಐವತ್ತರ ದಶಕದಲ್ಲಿ ಹಿಂದಿ ಚಿತ್ರಗಳು ಇಂಡೋನೇಷ್ಯಾಕ್ಕೆ ರಾಶಿಗಟ್ಟಲೆ ಹೋದವು. ಮಲಯ್ ವಾದ್ಯಗೋಷ್ಠಿಯವರು ಆ ಧಾಟಿಗಳಿಗೆ ತಮ್ಮ ಮಾತು ಹೊಂದಿಸಿದರು. ತಬಲಾದ ನಡೆ ಗೆಂದಾಂಗ್ ಎಂಬ ಅವರ ಚರ್ಮವಾದ್ಯಕ್ಕೆ ಇಳಿಯಿತು. ಎಪ್ಪತ್ತರ ದಶಕದಲ್ಲಿ ರೋಮ ಇರಾಮ ತಮ್ಮ ಸೊನೆತಾ ತಂಡದೊಂದಿಗೆ ಬಂದು ಇದಕ್ಕೆ ಎಲೆಕ್ಟ್ರಿಕ್ ಗಿಟಾರು ಸೇರಿಸಿ, ಧರ್ಮೋಪದೇಶವನ್ನೂ ಬೆರೆಸಿ, ‘ದಂಗ್‌ದುತ್ ರಾಜ’ ಎನಿಸಿಕೊಂಡರು. ಡೀಪ್ ಪರ್ಪಲ್ ಬ್ಯಾಂಡಿನ ಅಬ್ಬರ, ಹಿಂದಿ ಹಾಡಿನ ತಿರುವು, ಪ್ರವಚನದ ಗತ್ತು, ಎಲ್ಲವೂ ಅವರಲ್ಲಿವೆ. ಸಂಗೀತಗಾರನಾಗಿ ಅವರು ದೊಡ್ಡವರು, ಒಪ್ಪುತ್ತೇನೆ. ಆದರೂ ನನ್ನ ಮನಸ್ಸು ಅವರ ಕಡೆ ಹೊರಳುವುದಿಲ್ಲ. ಕಾರಣ ಇನುಲ್ ದರತಿಸ್ತ.

ಪೂರ್ವ ಜಾವಾದ ಪಸುರುವಾನ್ ಕಡೆಯ ಹುಡುಗಿ ಇನುಲ್. ಹಳ್ಳಿಯ ಮದುವೆ, ಮುಂಜಿಗಳ ವೇದಿಕೆಯಲ್ಲಿ ಹಾಡಿ ಬೆಳೆದವಳು. ಹಾಡುತ್ತ ಹಾಡುತ್ತ ಆಕೆ ಸೊಂಟವನ್ನು ಗಿರ್ರನೆ ತಿರುಗಿಸುತ್ತ ನೆಲದತ್ತ ಇಳಿಯುವ ಪರಿಗೆ ಅಲ್ಲಿಯವರು ಇಟ್ಟ ಹೆಸರಿನ ಅರ್ಥ ‘ಬೋರು ಕೊರೆಯುವುದು’. ಯಾರೋ ಅದನ್ನು ಕ್ಯಾಮೆರಾದಲ್ಲಿ ಹಿಡಿದರು. ಯಾವ ಕಂಪನಿಯೂ ಬಿಡುಗಡೆ ಮಾಡದ ಕಳ್ಳ ವಿಸಿಡಿಗಳು ಸಂತೆಯಿಂದ ಸಂತೆಗೆ ಹೋದವು. ಟಿ.ವಿ.ಯವರು ಕರೆಯುವ ಹೊತ್ತಿಗೆ ಜನ ಆಗಲೇ ಆಕೆಯನ್ನು ಆರಿಸಿಯಾಗಿತ್ತು. ಯೂಟ್ಯೂಬ್ ಹುಟ್ಟಿದ್ದು 2005ರಲ್ಲಿ. ಇನುಲ್ ಮನೆಮಾತಾದದ್ದು 2003ರಲ್ಲಿ. ಗಲೀಜಿಗೆಲ್ಲ ಯೂಟ್ಯೂಬೇ ಕಾರಣ ಎನ್ನುವವರು ಈ ಎರಡು ಇಸವಿಗಳನ್ನು ಅಕ್ಕಪಕ್ಕ ಇಟ್ಟು ನೋಡಲಿ.

ಅದೇ ವರ್ಷ ರೋಮ ಸಿಟ್ಟಾದರು. ಆಕೆಯಿಂದ ದಂಗ್‌ದುತ್ತಿನ ಮಾನ ಹೋಯಿತು, ತಮ್ಮ ಹಾಡುಗಳನ್ನು ಆಕೆ ಹಾಡಕೂಡದು ಎಂದರು. ಉಲೇಮಾಗಳೂ ದನಿಗೂಡಿಸಿದರು. ಆಕೆಯ ಪರ ನಿಂತವರಲ್ಲಿ ಒಬ್ಬರು ಮಾಜಿ ಅಧ್ಯಕ್ಷ ಅಬ್ದುರ್ರಹಮಾನ್ ವಾಹಿದ್; ಅವರೂ ದೊಡ್ಡ ಮುಸ್ಲಿಂ ಪಂಡಿತರೇ. ಹಾಗಾಗಿ ಇದನ್ನು ಧರ್ಮ ಮತ್ತು ಅಧರ್ಮದ ಜಗಳವೆಂದು ನೋಡುವುದು ಸೋಮಾರಿತನ. ಜಗಳ ಯಜಮಾನಿಕೆಯದು. ಹಿಂದಿಯಿಂದಲೂ ರಾಕ್‌ನಿಂದಲೂ ಧಾರಾಳವಾಗಿ ಪಡೆದು ಬೆಳೆದ ಮನುಷ್ಯ, ತನ್ನ ಹಾಡು ಹಳ್ಳಿ ಹುಡುಗಿಯ ಬಾಯಿಗೆ ಬಂದಾಗ ಮಾತ್ರ ಬೇಲಿ ಹಾಕಲು ಹೊರಟರು. 2006ರಲ್ಲಿ ಅಶ್ಲೀಲತಾ ವಿರೋಧಿ ಮಸೂದೆಯನ್ನು ವಿರೋಧಿಸಿ ಇನುಲ್ ಬೀದಿಗಿಳಿದಳು. ಕಾನೂನು 2008ರಲ್ಲಿ ಬಂದೇಬಂತು. ಆಕೆಯ ಕುಣಿತವೂ ನಿಲ್ಲಲಿಲ್ಲ.

ಇನುಲ್ ದನಿ ಅಷ್ಟೇನೂ ಒಳ್ಳೆಯದಲ್ಲ, ಶ್ರುತಿ ಅಲ್ಲಲ್ಲಿ ಜಾರುತ್ತದೆ ಎನ್ನುತ್ತಾರೆ. ಜಾರಲಿ. ಶ್ರುತಿಶುದ್ಧಿ ಬೇಕಾದವರಿಗೆ ಷಣ್ಮುಖಾನಂದ ಹಾಲ್ ಇದೆ. ಆಕೆಯ ದೇಹದಲ್ಲಿರುವ ತಾಳದ ಖಚಿತತೆ ಮಾತ್ರ ಅಪರೂಪದ್ದು. ಗೆಂದಾಂಗಿನ ಪೆಟ್ಟು ಎಲ್ಲಿ ಬೀಳುತ್ತದೋ ಅಲ್ಲೇ ಸೊಂಟ ತಿರುಗುತ್ತದೆ, ಕೂದಲೆಳೆಯಷ್ಟೂ ಹಿಂದೆಮುಂದೆ ಇಲ್ಲ. ಮುಖದಲ್ಲಿ ಮಾದಕತೆಯ ಬದಲು ದುಡಿಮೆಯ ಬೆವರು, ಸ್ವಲ್ಪ ತುಂಟತನ. ಮದ್ದಳೆಗಾರನ ಕೈ ನೋಡಿಕೊಂಡೇ ಧೀಂಗಿಣ ಹಾಕುವ ತೆಂಕುತಿಟ್ಟಿನ ಪುಂಡುವೇಷದಲ್ಲಿ ನಾವು ಮೆಚ್ಚುವುದೂ ಇದನ್ನೇ ತಾನೇ? ಅಲ್ಲಿ ಕಸುಬು, ಇಲ್ಲಿ ಅಶ್ಲೀಲ.

ಆಕೆ ಕೊರೆದ ದಾರಿಯಲ್ಲಿ ಆಮೇಲೆ ಎಷ್ಟೋ ಜನ ಬಂದರು. 2011ರಲ್ಲಿ ಗೊರೊಂತಾಲೊದ ನಾರ್ಮನ್ ಕಮಾರು ಎಂಬ ಪೊಲೀಸ್ ಸಮವಸ್ತ್ರದಲ್ಲೇ ಕೂತು ‘ದಿಲ್ ಸೇ’ ಚಿತ್ರದ ರೈಲಿನ ಹಾಡಿಗೆ ತುಟಿಯಾಡಿಸಿದ. ದೇಶವೇ ಆ ವಿಡಿಯೋ ನೋಡಿತು, ಆತ ಕೊನೆಗೆ ನೌಕರಿಯನ್ನೂ ಕಳೆದುಕೊಂಡ. 2022ರ ಸ್ವಾತಂತ್ರ್ಯ ದಿನದಂದು ಫರೆಲ್ ಪ್ರಯೋಗ ಎಂಬ ಹನ್ನೆರಡರ ಪೋರ ಅಧ್ಯಕ್ಷರ ಅರಮನೆಯಂಗಳದಲ್ಲಿ ಜಾವಾ ಭಾಷೆಯ ಹಾಡು ಹಾಡಿದಾಗ ಮಂತ್ರಿಗಳೇ ಎದ್ದು ಕುಣಿದರು. ಇಪ್ಪತ್ತು ವರ್ಷದ ಹಿಂದೆ ಮೂಗು ಮುರಿದಿದ್ದ ವರ್ಗವೇ ಇದು. ಅಭಿರುಚಿ ಎನ್ನುವುದು ಎಷ್ಟು ಬೇಗ ಕುರ್ಚಿ ಬದಲಿಸುತ್ತದೆ ನೋಡಿ.

ನಮ್ಮ ಕಥೆಯೂ ಬೇರೆಯಲ್ಲ. ಮುಂಬಯಿಯ ಕನ್ನಡ ಸಂಘಗಳಲ್ಲಿ ಗಂಭೀರ ನಾಟಕಕ್ಕೆ ಮುಂದಿನೆರಡು ಸಾಲು ತುಂಬಿದರೆ ಪುಣ್ಯ. ಊರಿನಿಂದ ತುಳು ನಾಟಕ ಬಂದರೆ ನಿಲ್ಲಲೂ ಜಾಗವಿರುವುದಿಲ್ಲ. ಮರುದಿನ ಮಾತ್ರ ‘ಬರೀ ತಮಾಷೆ’ ಎಂಬ ಷರಾ ಸಿದ್ಧ. ತುಳು ನಟ ಅರವಿಂದ ಬೋಳಾರ್ ಒಂದೊಂದು ಸಲ ಒಂದೊಂದು ವೇಷದಲ್ಲಿ ಬಂದು ವಾಲ್ಟರ್ ನಂದಳಿಕೆ ಎದುರು ಜಗಳಕ್ಕೆ ಕೂರುವ ‘ಪ್ರೈವೇಟ್ ಚಾಲೆಂಜ್’ ಕಾರ್ಯಕ್ರಮದ ತುಣುಕುಗಳು ನಮ್ಮ ಹೋಟೆಲುಗಳ ಗಲ್ಲೆಯಿಂದ ಅಡುಗೆಮನೆಯವರೆಗೆ ಎಲ್ಲರ ಮೊಬೈಲಿನಲ್ಲೂ ಇವೆ. ಮಾತು ತಡವರಿಸುವ ಜಾಗ, ಸಿಟ್ಟು ಏರುವ ಹದ, ಉತ್ತರ ಬರುವ ಮೊದಲೇ ಮುಖ ಕೊಡುವ ಉತ್ತರ. ಈ ನಟನೆಯ ಬಗ್ಗೆ ಒಂದು ಗಟ್ಟಿ ವಿಮರ್ಶಾ ಲೇಖನ ನಾನಂತೂ ಓದಿಲ್ಲ. ಸಂಘದ ಸ್ಮರಣ ಸಂಚಿಕೆಗಳಲ್ಲಿ ‘ರಂಗಭೂಮಿಯ ಬಿಕ್ಕಟ್ಟು’ ಎಂಬ ಲೇಖನಕ್ಕೆ ಮಾತ್ರ ಬರವಿಲ್ಲ.

ನನ್ನದು ಪಕ್ಷಪಾತ ಎನ್ನುವವರು ಎನ್ನಲಿ. ಹಿಂದಿನ ಸಾಲಿನವನು ಎದ್ದು ನಿಂತು ನೋಡುವಂತೆ ಮಾಡಿದ್ದು ಯಾವುದು, ಹೇಗೆ ಎಂದು ವಿವರಿಸಲಾಗದ ವಿಮರ್ಶೆಗೆ ಕಲೆಯ ಮೇಲೆ ತೀರ್ಪು ಕೊಡುವ ಹಕ್ಕಿಲ್ಲ. ಮೊದಲು ವಿವರಿಸಿ, ಬೈಗುಳ ಆಮೇಲೆ ಇರಲಿ. ನಮ್ಮ ಪಂಡಿತರು ಎಷ್ಟೋ ವರ್ಷಗಳಿಂದ ಬೈಗುಳದಿಂದಲೇ ಶುರುಮಾಡುತ್ತಿದ್ದಾರೆ. ಜನ ಅವರನ್ನು ಓದುವುದು ಬಿಟ್ಟದ್ದಕ್ಕೂ ಮೊಬೈಲನ್ನೇ ದೂರುತ್ತಿದ್ದಾರೆ.