ಸೂತ್ರಪಾಠವೂ ಅರ್ಥಪಾಠವೂ: ಕೇಂಬ್ರಿಜ್ ಪ್ರೊಫಿಷಿಯನ್ಸಿ ಪರೀಕ್ಷೆಯ ಸಿದ್ಧತಾಕ್ರಮದ ವಿಮರ್ಶೆ

ಇಂದು ‘ಸಿ2 ಪ್ರೊಫಿಷಿಯನ್ಸಿ’ ಎನಿಸಿಕೊಂಡಿರುವ ಕೇಂಬ್ರಿಜ್ ಪರೀಕ್ಷೆಗೆ 1913ರಲ್ಲಿ ಮೊದಲ ಬಾರಿ ಕುಳಿತವರು ಮೂವರು; ಅವರಲ್ಲಿ ಒಬ್ಬರೂ ತೇರ್ಗಡೆಯಾಗಲಿಲ್ಲ. ಸುಮಾರು 12 ಗಂಟೆಗಳ ಆ ಪರೀಕ್ಷೆಯಲ್ಲಿ ಧ್ವನಿವಿಜ್ಞಾನ, ವ್ಯಾಕರಣ, ಸಾಹಿತ್ಯಗಳೊಂದಿಗೆ ಫ್ರೆಂಚ್ ಅಥವಾ ಜರ್ಮನ್ ಭಾಷೆಯ ಅನುವಾದವೂ ಸೇರಿತ್ತು. ಮುಂದಿನ ದಶಕಗಳ ಪರಿಷ್ಕರಣೆಗಳಲ್ಲಿ ಕಡ್ಡಾಯ ಅನುವಾದವು ಹೊರಬಿದ್ದಿತು. ನಾನಾ ಮಾತೃಭಾಷೆಗಳ ಅಭ್ಯರ್ಥಿಗಳನ್ನು ಒಂದೇ ಅಳತೆಗೋಲಿನಿಂದ ಅಳೆಯುವ ಪರೀಕ್ಷೆಗೆ ಇದು ಉಚಿತವೇ. ಆದರೆ ಪರೀಕ್ಷೆ ಕೈಬಿಟ್ಟುದನ್ನು ಸಿದ್ಧತೆಯೂ ಕೈಬಿಡಬೇಕೆಂಬ ನಂಬಿಕೆಗೆ ಭಾಷಾವೈಜ್ಞಾನಿಕ ಆಧಾರವಿಲ್ಲ.

ಈ ನಂಬಿಕೆಯ ಪರಿಣಾಮವು ವಾಕ್ಯ ರೂಪಾಂತರದ ಆರು ಪ್ರಶ್ನೆಗಳಲ್ಲಿ ಸ್ಪಷ್ಟವಾಗುತ್ತದೆ. ಕೊಟ್ಟ ಪದವನ್ನು ಬದಲಿಸದೆ, ಮೂರರಿಂದ ಎಂಟು ಪದಗಳಲ್ಲಿ, ಮೊದಲ ವಾಕ್ಯದ ಅರ್ಥವನ್ನೇ ಎರಡನೆಯದರಲ್ಲಿ ಹೇಳಬೇಕು. ಪ್ರಶ್ನೆಯ ಉದ್ದೇಶ ಅರ್ಥಸಾಮ್ಯದ ಗ್ರಹಿಕೆ. ಅಭ್ಯಾಸಕ್ರಮವಾದರೋ ಇದನ್ನು ಸೂತ್ರಗಳ ಪಟ್ಟಿಯಾಗಿಸುತ್ತದೆ: ‘ನೋ ಸೂನರ್’ ಬಂದರೆ ‘ಹ್ಯಾಡ್’, ಆಮೇಲೆ ‘ದ್ಯಾನ್’. ಉತ್ತರವೇನೋ ಸರಿಯಾಗುತ್ತದೆ, ಆ ರಚನೆ ಯಾವ ಸಂದರ್ಭಕ್ಕೆ ಒಪ್ಪುತ್ತದೆಂಬ ವಿವೇಕ ಹುಟ್ಟುವುದಿಲ್ಲ.

ಕನ್ನಡ ಬಲ್ಲ ಅಭ್ಯರ್ಥಿಗೆ ಆ ವಿವೇಕದ ಬೀಜ ಮನೆಮಾತಿನಲ್ಲಿಯೇ ಇದೆ. ‘ಅವನು ಬಂದದ್ದೇ ತಡ, ಮಳೆ ಸುರಿಯಿತು’ ಎಂಬಲ್ಲಿ ಕೃದಂತ ನಾಮ, ಅವಧಾರಣೆಯ ಏಕಾರ, ‘ತಡ’ ಎಂಬ ಪದ ಸೇರಿ ಸಾಧಿಸುವ ತಕ್ಷಣತೆಯನ್ನು ಇಂಗ್ಲಿಷ್ ಸಹಾಯಕ ಕ್ರಿಯಾಪದದ ಸ್ಥಾನಪಲ್ಲಟದಿಂದ ಸಾಧಿಸುತ್ತದೆ. ‘ಅವನು ಬಂದಿದ್ದರೆ ಚೆನ್ನಾಗಿತ್ತು’ ಎಂಬುದು ಇನ್ನೂ ಹತ್ತಿರದ ನಿದರ್ಶನ: ನಡೆಯದೆ ಹೋದುದನ್ನು ಹೇಳಲು ಎರಡು ಭಾಷೆಗಳೂ ಭೂತಕಾಲದ ರೂಪವನ್ನೇ ಆಶ್ರಯಿಸುತ್ತವೆ. ‘ಐ ವಿಶ್ ಹಿ ಹ್ಯಾಡ್ ಕಮ್’ ಎಂಬುದನ್ನು ಇದರ ಪಕ್ಕದಲ್ಲಿಟ್ಟರೆ ‘ಹ್ಯಾಡ್’ ಏಕೆ ಬಂತೆಂಬುದು ಕಂಠಪಾಠವಿಲ್ಲದೆ ತಿಳಿಯುತ್ತದೆ.

ಈ ವಾದಕ್ಕೆ ಮಿತಿಯುಂಟು. ಇಂಗ್ಲಿಷಿನ ‘ಎ’, ‘ದಿ’ ಎಂಬ ಉಪಪದಗಳಿಗೆ ಕನ್ನಡದಲ್ಲಿ ನೇರ ಸಂವಾದಿಗಳಿಲ್ಲ. ಅಲ್ಲಿ ಹೋಲಿಕೆಗಿಂತ ವಿಪುಲ ಓದೇ ದಾರಿ. 90 ನಿಮಿಷಗಳಲ್ಲಿ 53 ಪ್ರಶ್ನೆಗಳನ್ನು ಬಿಡಿಸುವ ವೇಗಕ್ಕೆ ಮಾದರಿ ಪ್ರಶ್ನೆಪತ್ರಿಕೆಗಳೂ ಬೇಕು. ಆದರೆ ಅವುಗಳ ಸ್ಥಾನ ಸಿದ್ಧತೆಯ ಕೊನೆಯಲ್ಲಿ, ಆರಂಭದಲ್ಲಲ್ಲ.

ಬರವಣಿಗೆಯ ಪತ್ರಿಕೆ ಇದನ್ನೇ ದೃಢಪಡಿಸುತ್ತದೆ. ಎರಡು ಕಿರುಲೇಖನಗಳ ವಿಚಾರಗಳನ್ನು ಸಂಗ್ರಹಿಸಿ ತೂಗಿನೋಡುವ 240–280 ಪದಗಳ ಪ್ರಬಂಧವನ್ನು ಯಾವ ಸೂತ್ರವೂ ಬರೆದುಕೊಡದು. ಪರರ ಮಾತಿನ ಅರ್ಥವನ್ನು ಕೆಡಿಸದೆ ತನ್ನ ಮಾತಿನಲ್ಲಿ ಹೇಳುವ ಶಕ್ತಿಯೇ ಅಲ್ಲಿನ ಬಂಡವಾಳ. ಎರಡು ಭಾಷೆಗಳ ನಡುವೆ ಓಡಾಡಿದವರಿಗೆ ಅದರ ಅಭ್ಯಾಸ ಮೊದಲೇ ಆಗಿರುತ್ತದೆ. ಅಂಥವರಿಗೆ ಕನ್ನಡವನ್ನು ಹೊರಗಿಟ್ಟು ಬಾ ಎನ್ನುವ ಸಿದ್ಧತಾಕ್ರಮವು ಅವರ ಕೈಯಲ್ಲಿರುವ ಸಾಧನವನ್ನೇ ಕಸಿದುಕೊಳ್ಳುತ್ತದೆ.